ಮೂಲೆಯಲ್ಲಿದ್ದವಳನ್ನು ಮೂರು ಸಲ ಕೂಗಿದರು

ಹುಮನಾಬಾದಿನ ಕೋರ್ಟಿನ ಜವಾನ ಪಡಸಾಲೆಗೆ ಹೋಗಿ ನನ್ನ ಕಕ್ಷಿದಾರಳ ಹೆಸರನ್ನು ಮೂರು ಸಲ ಕೂಗಿದ. ಮೂರನೆಯ ಕೂಗು ರಸ್ತೆಯಾಚೆಯ ಚಹಾದಂಗಡಿಗೂ ಕೇಳಿಸಿರಬೇಕು. ಒಳಗೆ ಬಂದು, "ಹಾಜರಿಲ್ರಿ ಸಾಹೇಬ್ರ" ಎಂದ. ಆಕೆ ಎಲ್ಲಿದ್ದಾಳೆಂಬುದು ಆ ಕೋಣೆಯಲ್ಲಿ ಇಬ್ಬರಿಗೆ ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು. ಒಬ್ಬಳು ನಾನು, ಆಕೆಯ ವಕೀಲೆ. ಇನ್ನೊಬ್ಬ ಆಕೆಯ ಅಣ್ಣ, ಅಂದರೆ ಕೇಸಿನ ಪ್ರತಿವಾದಿ. ಹಣೆಗೆ ಗಂಧ ಇಟ್ಟುಕೊಂಡು ಹಿಂದಿನ ಬೆಂಚಿನಲ್ಲಿ ಕೈಕಟ್ಟಿ ಕೂತಿದ್ದ. ಆಕೆ ಬಾರದಂತೆ ನೋಡಿಕೊಂಡವನೇ ಅವನು. ಅದಕ್ಕಾಗಿ ಅವನು ಏನೂ ಮಾಡಬೇಕಾಗಿರಲಿಲ್ಲ, ತನ್ನ ಮನೆಯಲ್ಲಿ ಸುಮ್ಮನೆ ಕೂತಿದ್ದರೆ ಸಾಕಾಗಿತ್ತು. ಇಷ್ಟು ವರ್ಷವಾದರೂ ಅದನ್ನು ನೆನೆದರೆ ನನಗೆ ಮೈ ಉರಿಯುತ್ತದೆ.

ಎರಡು ಸಾವಿರದ ಇಸವಿ ದಾಟಿ ಒಂದೆರಡು ವರ್ಷವಾಗಿತ್ತು. ನನ್ನ ಕಚೇರಿ ಬಸವಕಲ್ಯಾಣದಲ್ಲಿ. ಆಕೆಯನ್ನು ಕೊಟ್ಟ ಮನೆಯೂ ಅಲ್ಲೇ, ಹಳೇ ಪೇಟೆಯ ಒಂದು ಓಣಿಯಲ್ಲಿ. ತವರು ಹುಮನಾಬಾದ್ ತಾಲ್ಲೂಕಿನ ಹುಡಗಿ ಎಂಬ ಊರು. ಅಪ್ಪ ತೀರಿಕೊಂಡ ಮೇಲೆ ಅಣ್ಣ ಒಂದು ವರ್ಷ ಪಂಚಮಿಗೆಂದು ಆಕೆಯನ್ನು ಕರೆದುಕೊಂಡು ಹೋದ. ಹೊಸ ಸೀರೆ ಉಡಿಸಿದ, ಉಂಡಿ ತಿನ್ನಿಸಿದ, ಜೋಕಾಲಿ ಕಟ್ಟಿಸಿದ. ಮರುದಿನ, ಬಾವಿಗೆ ಮೋಟಾರು ಕೂಡಿಸಲು ಸರ್ಕಾರದ ಕಾಗದಕ್ಕೆ ನಿನ್ನದೂ ಹೆಬ್ಬೆಟ್ಟು ಬೇಕು ತಂಗಿ ಎಂದು ಸಬ್ ರಿಜಿಸ್ಟ್ರಾರ್ ಕಚೇರಿಗೆ ಕರೆದೊಯ್ದು ಒತ್ತಿಸಿಕೊಂಡ. ಅದು ಹಕ್ಕುಬಿಡುಗಡೆ ಪತ್ರ. ಅಪ್ಪನ ಹೊಲದಲ್ಲಿ ನನಗೇನೂ ಬೇಡ, ಎಲ್ಲ ಅಣ್ಣನಿಗೇ ಇರಲಿ ಎಂದು ಆಕೆ ಮನಸಾರೆ ಬರೆದುಕೊಟ್ಟಂತೆ ಅದರಲ್ಲಿತ್ತು. ಬಾಯಲ್ಲಿ ಬಸಪ್ಪ, ಹೊಟ್ಟೆಯಲ್ಲಿ ವಿಷಪ್ಪ ಎನ್ನುವುದು ಇಂಥವರನ್ನು ನೋಡಿಯೇ ಇರಬೇಕು.

ಅದು ಗೊತ್ತಾದ ವರ್ಷವೇ ಪತ್ರ ರದ್ದು ಮಾಡಿಸಲು ಕೇಸು ಹಾಕಿದೆವು. ಇಂಥ ಕೇಸಿಗೆ ಗೊತ್ತಾದ ದಿನದಿಂದ ಮೂರು ವರ್ಷವಷ್ಟೇ ಗಡುವು. ಕೇಸು ಉಳಿದರೆ ಹೊಲದ ಮಾತು, ಬಿದ್ದರೆ ಅದೇ ಕಾರಣಕ್ಕೆ ಇನ್ನೊಂದು ಕೇಸು ಹಾಕಲು ಬರುವುದಿಲ್ಲ. ಆಮೇಲೆ ವರ್ಷಗಟ್ಟಲೆ ತಾರೀಖು. ತಾರೀಖು ಕೇಳಿದವರು ಯಾರು? ಅಣ್ಣನ ವಕೀಲರು. ಜವಾಬು ತಯಾರಿಲ್ಲ, ಕಕ್ಷಿದಾರರಿಗೆ ಜ್ವರ, ಸೋದರತ್ತೆಯ ಮಗನ ಮದುವೆ, ಕಾಗದಗಳ ನಕಲು ಬಂದಿಲ್ಲ. ಆಕೆ ಪ್ರತಿ ತಾರೀಖಿಗೂ ಬುತ್ತಿ ಕಟ್ಟಿಕೊಂಡು ಬಸ್ಸಿನಲ್ಲಿ ನನ್ನ ಜೊತೆ ಬರುವಳು, ಪಡಸಾಲೆಯ ಕಟ್ಟೆಯ ಮೇಲೆ ಕೂತು ಮುಂದಿನ ತಾರೀಖು ಕೇಳಿಕೊಂಡು ಹೋಗುವಳು. ಕೊನೆಗೂ ಆಕೆಯ ಮುಖ್ಯ ಹೇಳಿಕೆ ಆಯಿತು. ಪಾಟೀಸವಾಲಿಗೆ ಆಷಾಢದ ಒಂದು ದಿನ ನಿಗದಿಯಾಯಿತು. ಅದಕ್ಕೆ ಕೆಲವು ವಾರ ಮೊದಲು ಆಕೆಯ ಗಂಡ ತೀರಿಕೊಂಡ.

ತಾರೀಖಿನ ಹಿಂದಿನ ಸಂಜೆ ನಾನು ಅವರ ಮನೆಗೆ ಹೋದೆ. ತಿಥಿ ಕರ್ಮ ಎಲ್ಲ ಮುಗಿದಿತ್ತು, ಆಕೆ ಬರುತ್ತಾಳೆ ಎಂದೇ ತಿಳಿದಿದ್ದೆ. ನೋಡಿದರೆ ಒಳಮನೆಯ ಮೂಲೆಯಲ್ಲಿ ಚಾಪೆಯ ಮೇಲೆ ಕೂತಿದ್ದಾಳೆ. ಆ ಮನೆತನಗಳಲ್ಲಿ ಒಂದು ಪದ್ಧತಿಯಿದೆ. ಗಂಡ ಸತ್ತ ಹೆಂಗಸು ಮೂಲೆ ಹಿಡಿದು ಕೂರಬೇಕು. ತವರಿನ ಗಂಡಸು, ಅಪ್ಪ ಇಲ್ಲವಾದರೆ ಅಣ್ಣ, ಸೀರೆ ತಂದು ಉಡಿಸಿ, ಕೈಹಿಡಿದು ಹೊಸ್ತಿಲು ದಾಟಿಸಬೇಕು. ಅಲ್ಲಿಯವರೆಗೆ ಆಕೆ ಹೊರಗೆ ಬರುವಂತಿಲ್ಲ. ಸಾಮಾನ್ಯವಾಗಿ ತಿಥಿಯ ಊಟ ಮುಗಿಯುವುದರೊಳಗೆ ಅದೂ ಮುಗಿಯುತ್ತದೆ. ಈ ಅಣ್ಣ ಸಾವಿಗೆ ಬಂದಿದ್ದ, ಎಲ್ಲರಿಗಿಂತ ಜೋರಾಗಿ ಅತ್ತಿದ್ದ. ತಿಥಿಗೆ ಬರಲಿಲ್ಲ. ಆಮೇಲೂ ಬರಲಿಲ್ಲ.

"ನಂಗ ಹಿಂಗ ಆದಾಗ," ಎಂದಳು ಬಾಗಿಲಲ್ಲಿ ಕೂತಿದ್ದ ಆಕೆಯ ಅತ್ತೆ, "ನಮ್ಮಣ್ಣ ಊಟದ ಎಲಿ ಎತ್ತೋದ್ರಾಗ ಸೀರಿ ಹಿಡ್ಕೊಂಡು ನಿಂತಿದ್ದ ನೋಡವ್ವಾ. ಇವನು ಯಾವ ಸೀಮಿ ಅಣ್ಣ ಅಂತೀನಿ."

"ಅವ ಬರದಿದ್ರ ಬಿಡ್ರಿ ಅಜ್ಜಿ. ನಾಳೆ ಒಂದು ದಿನ ಈಕಿನ್ನ ಕಳಸ್ರಿ. ಸಂಜೀಕ ಮತ್ತ ಬಂದು ಕೂಡ್ಲಿ," ಎಂದೆ.

ಅತ್ತೆ ಉತ್ತರಿಸುವ ಮೊದಲು ಮೂಲೆಯಿಂದ ಆಕೆಯೇ ಮಾತಾಡಿದಳು. "ವಕೀಲಬಾಯಿ, ನಾ ನಾನಾಗೇ ಎದ್ದು ಹೊಸ್ತಿಲ ದಾಟಿದ್ರ ಮಂದಿ ಏನಂತಾರ ಹೇಳ್ರಿ? ತವರಿಲ್ಲದಾಕಿ ಅಂತಾರ. ಹುಡಗಿಯೊಳಗ ಅವನೂ ಅದನ್ನ ಸಾರ್ಕೋತ ತಿರಗತಾನ. ನಂಗ ತವರು ಅದ ಅಂತನ ಅಲ್ಲೇನ್ರಿ ನಾ ಕೇಸ್ ಹಾಕೀನಿ?"

ನನಗೆ ಆಕೆಯ ಮೇಲೆ ವಿಪರೀತ ಸಿಟ್ಟು ಬಂತು. ಎದ್ದು ಬಾ ಮಾರಾಯ್ತಿ, ಹೊಲ ಹೋಗುತ್ತದೆ ಎಂದು ಗದರಿದೆ. ಆಕೆ ಇಲ್ಲವೆಂದು ತಲೆಯಾಡಿಸಿದಳು, ಅಷ್ಟೇ. ದಾರಿಯುದ್ದಕ್ಕೂ ಆಕೆಯನ್ನು ಬೈದುಕೊಂಡೇ ಮನೆಗೆ ನಡೆದೆ. ಮನೆ ಮುಟ್ಟುವ ಹೊತ್ತಿಗೆ, ಆಕೆ ಹೇಳಿದ್ದರಲ್ಲಿ ಒಂದಕ್ಷರವೂ ತಪ್ಪಿಲ್ಲ ಎನ್ನಿಸಿ ಆ ಸಿಟ್ಟೆಲ್ಲ ಅಣ್ಣನ ಕಡೆ ತಿರುಗಿತು.

ಮರುದಿನ ಕೋರ್ಟಿನಲ್ಲಿ ವಾಯಿದೆ ಕೇಳಿದೆ. ನ್ಯಾಯಾಧೀಶರು ಹಳೇ ಮೈಸೂರಿನ ಕಡೆಯವರು, ಬಂದು ಹೆಚ್ಚು ದಿನವಾಗಿರಲಿಲ್ಲ. ಮೆಲುಮಾತಿನ ಮನುಷ್ಯ. ಹಳೇ ಕೇಸುಗಳನ್ನು ಬೇಗ ಮುಗಿಸಬೇಕೆಂದು ಆಗ ಎಲ್ಲೆಡೆ ಒತ್ತಡವಿತ್ತು. ಹತ್ತು ಸಾಕ್ಷಿ ಕೇಳಿ ಬರೆದ ತೀರ್ಪೂ ಒಂದು ವಿಲೇವಾರಿ, ಹೆಸರು ಕೂಗಿಸಿ ವಜಾ ಮಾಡಿದ್ದೂ ಒಂದು ವಿಲೇವಾರಿ. ಲೆಕ್ಕದಲ್ಲಿ ಎರಡಕ್ಕೂ ಒಂದೇ ಬೆಲೆ.

"ತಿಥಿಯೆಲ್ಲ ಮುಗಿದಿದೆ ತಾನೇ? ಮತ್ತೇನು ತೊಂದರೆ?" ಎಂದು ಕೇಳಿದರು. ನಾನು ಪದ್ಧತಿ ವಿವರಿಸಿದೆ. ಎದುರು ವಕೀಲರು ಎದ್ದರು. ಅವರು ಹುಮನಾಬಾದಿನವರೇ, ಆ ಪದ್ಧತಿ ಅವರ ಮನೆಯಲ್ಲೂ ಇದ್ದೀತು. "ಸಾಹೇಬ್ರ, ಆಕಿನ್ನ ಯಾರೂ ಕಟ್ಟಿ ಹಾಕಿಲ್ರಿ. ಬಸ್ಸು ಅವ, ರಸ್ತಾ ಅದ. ಕೇಸ್ ನಡಸೋ ಮನಸ್ಸಿಲ್ಲ, ಅಷ್ಟ. ನಾವು ತಯಾರ್ ಅದೀವಿ," ಎಂದರು. ವರ್ಷಗಟ್ಟಲೆ ತಯಾರಿಲ್ಲದವರು ಅಂದು ತಯಾರಾಗಿದ್ದರು! ವಾಯಿದೆ ಸಿಗಲಿಲ್ಲ.

ಆಗ ನನಗಿದ್ದದ್ದು ಎರಡೇ ದಾರಿ. ನಾನು ನಿಂತೇ ಇದ್ದರೆ, ವಾದಿ ಸಾಕ್ಷ್ಯ ಪೂರೈಸಲಿಲ್ಲವೆಂದು ಅಲ್ಲೇ ಕೇಸಿನ ತೀರ್ಪನ್ನೇ ಬರೆಯಬಹುದಿತ್ತು. ಹಾಗಾದರೆ ಮೇಲಿನ ಕೋರ್ಟಿಗೆ ಅಲೆಯಬೇಕು. ನಾನು ಹಿಂದೆ ಸರಿದರೆ ಅದು ಬರೀ ಗೈರುಹಾಜರಿಯ ವಜಾ. ಮೂವತ್ತು ದಿನದೊಳಗೆ ಸರಿಯಾದ ಕಾರಣ ತೋರಿಸಿದರೆ ಅದೇ ಕೋರ್ಟು ಕೇಸನ್ನು ಮತ್ತೆ ತೆರೆಯಬಹುದು. "ಇವತ್ತು ಮುಂದುವರಿಸಲು ನನಗೆ ಕಕ್ಷಿದಾರರ ಸೂಚನೆ ಇಲ್ಲ, ಹಿಂದೆ ಸರಿಯುತ್ತೇನೆ" ಎಂದು ಹೇಳಿ ಕೂತೆ. ನನ್ನ ಕೇಸನ್ನು ನಾನೇ ಕೊಲ್ಲಿಸಿಕೊಂಡಂತಾಯಿತು. ಜವಾನ ಹೋಗಿ ಮೂರು ಸಲ ಕೂಗಿದ್ದು ಆಗಲೇ. ಹೊರಗೆ ಬಂದಾಗ ಅಣ್ಣ ನನಗೆ ಎರಡೂ ಕೈ ಜೋಡಿಸಿ ನಮಸ್ಕಾರ ಮಾಡಿದ.

ಬಸವಕಲ್ಯಾಣಕ್ಕೆ ಮರಳಿ ಬಂದವಳೇ ಅರ್ಜಿ ಸಿದ್ಧ ಮಾಡಿದೆ. ಜೊತೆಗೆ ಆಕೆಯ ಪ್ರಮಾಣಪತ್ರ ಬೇಕು. ಆಕೆ ಹೊರಗೆ ಬರುವಂತಿಲ್ಲ, ಸರಿ. ನೋಟರಿಯವರು ಒಳಗೆ ಹೋಗಬಾರದೆಂದು ಯಾವ ಪದ್ಧತಿಯೂ ಹೇಳುವುದಿಲ್ಲ. ವಯಸ್ಸಾದ ನೋಟರಿಯೊಬ್ಬರನ್ನು ಆಟೋದಲ್ಲಿ ಕರೆದೊಯ್ದೆ. ಅತ್ತೆ ಅವರಿಗೆ ನಡುಮನೆಯಲ್ಲಿ ಮಣೆ ಹಾಕಿದಳು. ನಾನು ಶಾಯಿಯ ಡಬ್ಬಿ ತೆರೆದು ಮೂಲೆಗೆ ಹೋದರೆ ಆಕೆ ಕೈಯನ್ನು ಸೆರಗಿನೊಳಗೆ ಎಳೆದುಕೊಂಡಳು.

"ಮತ್ತ ಹೆಬ್ಬೆಟ್ಟೇನ್ರಿ?"

ಡಬ್ಬಿ ಕೆಳಗಿಟ್ಟೆ. ಇಡೀ ಕಾಗದವನ್ನು ಎರಡು ಸಲ ಓದಿ ಹೇಳಿದೆ. ಆಕೆ ಅತ್ತೆಯ ಮುಖ ನೋಡಿದಳು. ಅತ್ತೆ, "ಒತ್ತು. ಈಕಿ ನಿನ್ನ ಅಣ್ಣ ಅಲ್ಲ," ಎಂದಳು. ಆಕೆ ಒತ್ತಿದಳು. ನಾನು ಹಿಂದೆ ಸರಿದಿದ್ದರಿಂದ ಬೇಕಾದ ಹೊಸ ವಕಾಲತ್ತಿಗೂ ಒತ್ತಿದಳು. ಅರ್ಜಿ ಗಡುವಿನೊಳಗೇ ದಾಖಲಾಯಿತು.

ಆದರೆ ಅದರಿಂದ ಆಕೆ ಮೂಲೆ ಬಿಟ್ಟಂತಾಗಲಿಲ್ಲವಲ್ಲ. ಒಮ್ಮೆ ಹುಮನಾಬಾದಿಗೆ ಹೋದಾಗ ಕೋರ್ಟಿನ ಕೆಲಸ ಮುಗಿಸಿ ಆಟೋ ಹಿಡಿದು ಮಾಣಿಕನಗರಕ್ಕೆ ಹೋದೆ. ಅಣ್ಣನಿಗೆ ಅಲ್ಲಿ ಗುಡಿಯ ಎದುರು ಒಂದು ತೆಂಗಿನಕಾಯಿ, ಊದಿನಕಡ್ಡಿಯ ಅಂಗಡಿಯಿತ್ತು. ಎದುರು ಪಕ್ಷದವನ ಬಳಿ ನಾನು ಕೇಸಿನ ಮಾತಾಡುವಂತಿಲ್ಲ, ಆಡಲೂ ಇಲ್ಲ. ತಂಗಿಯನ್ನು ಯಾವಾಗ ಹೊರಗೆ ಕರೆತರುತ್ತೀರಿ ಎಂದಷ್ಟೇ ಕೇಳಿದೆ.

"ಕೂಡ್ರಿ ಮೇಡಂ, ಚಾ ತಗೋರಿ," ಎಂದು ಸ್ಟೂಲು ಒರೆಸಿ ಹಾಕಿದ. "ಹೋಗೋದ ಅದರಿ. ಒಡಹುಟ್ಟಿದಾಕಿ, ಬಿಡಾಕ ಬರ್ತದೇನ್ರಿ? ಆದ್ರ ಆಷಾಢ ನಡದದ. ಆಷಾಢದಾಗ ಹಂಥಾವೆಲ್ಲ ಮಾಡಬಾರದ್ರಿ. ಇನ್ನೊಂದು ತಿಂಗಳು ಹೋಗ್ಲಿ." ನಾನು ಎದ್ದು ಹೊರಟಾಗ ಕರೆದು, ಕಾಗದದಲ್ಲಿ ಸುತ್ತಿದ ಎರಡು ಉಂಡಿ ಕೈಗಿಟ್ಟ. "ಸೊಸಿ ಕುಬುಸ ಆಯ್ತ್ರಿ ಮೊನ್ನಿ. ಬಾಯಿ ಸಿಹಿ ಮಾಡ್ಕೋರಿ."

ಆಟೋದಲ್ಲಿ ಅರ್ಧ ದಾರಿ ಬಂದ ಮೇಲೆ ನನಗೆ ಹೊಳೆಯಿತು. ಆಷಾಢದಲ್ಲಿ ತಂಗಿಯನ್ನು ಹೊಸ್ತಿಲು ದಾಟಿಸಬಾರದು, ಬಸುರಿ ಸೊಸೆಗೆ ಮಾತ್ರ ಕುಬುಸ ಮಾಡಬಹುದು! ಆ ಉಂಡಿಯನ್ನು ನಾನು ತಿನ್ನಲಿಲ್ಲ. ಬಸ್ ನಿಲ್ದಾಣದಲ್ಲಿ ಒಂದು ಆಕಳಿಗೆ ಹಾಕಿದೆ.

ಕೋರ್ಟಿನಲ್ಲಿ ಎದುರು ವಕೀಲರು ನಮ್ಮ ಅರ್ಜಿಗೆ ತಕರಾರು ಬರೆಯಲು ಒಂದು ತಾರೀಖು ತಗೊಂಡರು, ಮತ್ತೊಂದು ತಗೊಂಡರು. ಆಷಾಢ ಹೋಗಿ ಶ್ರಾವಣ ಬಂತು. ಪಂಚಮಿ ಬಂತು, ಅಣ್ಣ ಬರಲಿಲ್ಲ. ಕೊನೆಗೆ ಬಂದ ತಕರಾರಿನಲ್ಲಿ ಹೀಗಿತ್ತು: ಅಂಥ ಯಾವ ಅಡಚಣೆಯೂ ಇರಲಿಲ್ಲ, ಅರ್ಜಿದಾರಳು ಇಂದಿಗೂ ಕೋರ್ಟಿಗೆ ಬಂದಿಲ್ಲ, ಬೇಕಿದ್ದರೆ ಖುದ್ದು ಬಂದು ಕಾರಣ ಹೇಳಲಿ. ಓದಿ ಟೇಬಲ್ಲಿನ ಮೇಲೆ ಕುಕ್ಕಿದೆ. ಆಕೆ ಬಂದು ಹೇಳಬೇಕಾದರೆ ಅಣ್ಣ ಮನಸ್ಸು ಮಾಡಬೇಕು. ಅಣ್ಣ ಮನಸ್ಸು ಮಾಡದಿದ್ದರೆ ಆಕೆಯ ಕೇಸು ತಾನಾಗಿಯೇ ಸಾಯುತ್ತದೆ. ಬೀಗ ಹಾಕಿ ಕೀಲಿಕೈ ಜೇಬಿಗಿಳಿಸಿಕೊಂಡವನೇ, ಯಾಕೆ ಹೊರಗೆ ಬರಲಿಲ್ಲ ಎಂದು ಕೇಳುತ್ತಿದ್ದ.

ನನಗೆ ಕೆಲಸ ಕಲಿಸಿದ ಹಿರಿಯ ವಕೀಲರ ಬಳಿ ಹೋಗಿ, "ಆ ಅಣ್ಣನನ್ನೇ ನನ್ನ ಸಾಕ್ಷಿಯಾಗಿ ಕರೆಸ್ತೀನಿ ಸರ್," ಎಂದೆ. ಅವರು ಕನ್ನಡಕ ತೆಗೆದರು. "ತಲಿ ನೆಟ್ಟಗ ಅದ ಏನವಾ? ಎದುರು ಪಾರ್ಟಿನ್ನ ನಿನ್ನ ಸಾಕ್ಷಿ ಮಾಡ್ಕೊಂಡ್ರ ಅವ ಹೇಳಿದ್ದು ನಿನ್ನ ತಲಿಮ್ಯಾಲೇ ಬರ್ತದ. ಹಂಥಾ ಪದ್ಧತಿನೇ ಇಲ್ಲ ಅಂದುಬಿಟ್ರ? ಅಲ್ಲಿಗೆ ಮುಗೀತು."

"ಹೊಲದ ಬಗ್ಗೆ ಸುಳ್ಳು ಹೇಳ್ತಾನ್ರಿ ಸರ್. ಇದರ ಬಗ್ಗೆ ಹೇಳಂಗಿಲ್ಲ."

ಅವರಿಗೆ ಒಪ್ಪಿಗೆಯಾಗಲಿಲ್ಲ. ನನಗೆ ನನ್ನ ಜನ ಗೊತ್ತು. ನಮ್ಮಲ್ಲಿ ಹೊಲಕ್ಕಾಗಿ ದೇವರ ಮುಂದೆ ಸುಳ್ಳು ಹೇಳಿದವನನ್ನು ಜಾಣ ಎನ್ನುತ್ತಾರೆ. ತನ್ನ ಕುಲದ ಪದ್ಧತಿಯನ್ನೇ ಇಲ್ಲವೆಂದವನ ಮನೆಗೆ ಹೆಣ್ಣು ಕೊಡುವುದಿಲ್ಲ. ಆದರೆ ಅದಕ್ಕೆ ಅವನ ಊರಿನವರು ಎದುರಿಗಿರಬೇಕು. ಆ ಕೋರ್ಟಿನಲ್ಲಿ ಸಿವಿಲ್ಲಿಗೂ ಕ್ರಿಮಿನಲ್ಲಿಗೂ ಒಬ್ಬರೇ ನ್ಯಾಯಾಧೀಶರು. ಹುಡಗಿಯಲ್ಲಿ ಕಾಲುವೆಯ ನೀರಿಗಾಗಿ ನಡೆದ ಬಡಿದಾಟದ ಕೇಸೊಂದು ಅಲ್ಲೇ ಇತ್ತು. ಆರೋಪಿ, ಸಾಕ್ಷಿ, ಜಾಮೀನುದಾರ ಎಂದು ಅರ್ಧ ಊರೇ ಅದಕ್ಕೆ ಬರುತ್ತಿತ್ತು. ಆ ಕೇಸಿನ ಮುಂದಿನ ತಾರೀಖು ನೋಡಿಕೊಂಡು ಅದೇ ದಿನವನ್ನು ನನ್ನ ಸಾಕ್ಷಿಗೆ ಕೇಳಿದೆ. ನ್ಯಾಯಾಧೀಶರು, "ಎದುರು ಪಕ್ಷದವರನ್ನೇ? ಯೋಚನೆ ಮಾಡಿದ್ದೀರಾ?" ಎಂದು ಕೇಳಿದರು. ಮಾಡಿದ್ದೇನೆ ಎಂದೆ. ಎದುರು ವಕೀಲರು ನಕ್ಕು ತಕರಾರಿಲ್ಲ ಎಂದರು.

ಅಂದು ಹುಡಗಿಯವರು ಬೆಂಚು ಸಾಲದೆ ಗೋಡೆಗೆ ಆತು ನಿಂತಿದ್ದರು. ಅಣ್ಣ ಕಟಕಟೆ ಹತ್ತಿದ. ಪ್ರಮಾಣ ಆಯಿತು. ನಾನು ಹೊಲದ ಮಾತೇ ಎತ್ತಲಿಲ್ಲ.

"ನಿಮ್ಮ ಮನಿತನದೊಳಗ ಗಂಡ ಸತ್ತ ಹೆಣ್ಮಗಳು ಮೂಲಿ ಹಿಡದು ಕೂಡೋ ಪದ್ಧತಿ ಅದ ಏನ್ರಿ?"

ಅವನು ತನ್ನ ವಕೀಲರ ಕಡೆ ನೋಡಿದ. ವಕೀಲರು ಸಣ್ಣಗೆ ತಲೆಯಾಡಿಸಿದರು, ಇಲ್ಲ ಅನ್ನು ಎಂದು. ಆಮೇಲೆ ಅವನ ಕಣ್ಣು ಗೋಡೆಯ ಕಡೆ ಹೋಯಿತು. ಅಲ್ಲಿ ರುಮಾಲು ಸುತ್ತಿದ ಹಿರಿಯನೊಬ್ಬ ಕಿವಿಗೆ ಅಂಗೈ ಹಿಡಿದು ಕೇಳುತ್ತಿದ್ದ.

"ಅದರಿ," ಎಂದ.

"ಆಕಿನ್ನ ಹೊರಗ ಕರಕೊಂಡು ಬರೋರು ಯಾರು?"

"ತವರಿನವ್ರು."

"ನಿಮ್ಮ ತಂಗಿಗೆ ತವರಿನವ್ರು ಅಂದ್ರ ಯಾರು?"

"ನಾನೇ ರಿ."

"ಹೋಗೀರೇನು?"

"ಆಷಾಢ ಇತ್ತುರಿ."

"ಅದೇ ಆಷಾಢದಾಗ ಸೊಸಿ ಕುಬುಸ ಮಾಡೀರೋ ಇಲ್ಲೋ?"

ಗೋಡೆಯ ಬಳಿ ಯಾರೋ ಕೆಮ್ಮಿದರು. ಎದುರು ವಕೀಲರು ಎದ್ದು, ಇದು ಪ್ರಸ್ತುತವಲ್ಲ ಎಂದರು. ನ್ಯಾಯಾಧೀಶರು ಉತ್ತರಿಸಲಿ ಎಂದರು. ಅಣ್ಣ ಚುರುಕಿನವನೇ. "ಕುಬುಸ ತಿಂಗಳ ಲೆಕ್ಕದ್ದರಿ, ಮುಂದ ಹಾಕಾಕ ಬರಂಗಿಲ್ಲ," ಎಂದ.

"ಹಂಗಾರ ಮುಂದ ಹಾಕಾಕ ಬರೋದು ತಂಗಿ ಒಬ್ಬಾಕಿನ್ನ. ಆಷಾಢ ಮುಗೀತು, ಶ್ರಾವಣನೂ ಮುಗೀತು. ಈಗಾರ ಹೋಗೀರೇನು?"

"ಇಲ್ರಿ."

"ನೀವು ಹೋಗದಿದ್ರ ಆಕಿ ಏನು ಮಾಡಬೇಕು?"

"ಕೂಡಬೇಕ್ರಿ."

"ಎಲ್ಲೀತನಕ?"

"ನಾವು ಹೋಗೋತನಕ," ಎಂದುಬಿಟ್ಟ. ಅವನ ಮಟ್ಟಿಗೆ ಅದು ಪಂಚಾಂಗದಷ್ಟು ಸಹಜವಾದ ಮಾತು. ಬಾಯಿಂದ ಬಿದ್ದ ಮೇಲೆಯೇ ಅವನಿಗೆ ಅದರ ತೂಕ ತಿಳಿದದ್ದು. ಅವನ ವಕೀಲರು ಫೈಲು ಮುಚ್ಚಿದರು.

ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. ಅವರ ದನಿ ಗಟ್ಟಿಯಾಗಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ. "ಅಂದರೆ ನಿಮ್ಮ ತಂಗಿ ಈ ಕೋರ್ಟಿಗೆ ಬರಬೇಕೋ ಬೇಡವೋ ಅನ್ನುವುದನ್ನು ತೀರ್ಮಾನ ಮಾಡುತ್ತಿದ್ದವರು ನೀವು. ಹೌದೇ?" ಅಣ್ಣ ಮತ್ತೆ ಗೋಡೆಯ ಕಡೆ ನೋಡಿದ. "ಯಾವಾಗ ಹೋಗುತ್ತೀರಿ?" ಎಂದು ಕೇಳಿದರು. ಗೋಡೆಯ ಬಳಿಯಿಂದ ರುಮಾಲಿನ ಹಿರಿಯನೇ ಕೂಗಿದ, "ಹೇಳಲೇ! ಬಾಯಿ ಹೋಗ್ಯಾದೇನು?" ಜವಾನ ಅವನನ್ನು ಗದರಿಸಿ ಸುಮ್ಮನಾಗಿಸಿದ.

"ಬರೋ ಸೋಮವಾರ ಹೋಗ್ತೀನ್ರಿ," ಎಂದ ಅಣ್ಣ. ಅದೂ ಹೇಳಿಕೆಯಲ್ಲಿ ದಾಖಲಾಯಿತು.

ವಜಾ ಆದೇಶ ರದ್ದಾಗಿ ಕೇಸು ಹಳೆಯ ನಂಬರಿನಲ್ಲೇ ಮತ್ತೆ ಎದ್ದು ನಿಂತಿತು. ಸೋಮವಾರ ಅಣ್ಣ ಹೆಂಡತಿಯನ್ನು ಕರೆದುಕೊಂಡು ಬಸವಕಲ್ಯಾಣಕ್ಕೆ ಬಂದನಂತೆ, ಸೀರೆ ತಂದನಂತೆ, ಹೊಸ್ತಿಲಲ್ಲಿ ನಿಂತು ಇನ್ನೊಮ್ಮೆ ಅತ್ತನಂತೆ. ಆಕೆ ಏಳಲು ಹೋದರೆ ಮೊಣಕಾಲು ಏಳಲಿಲ್ಲ, ಅತ್ತೆಯೇ ರಟ್ಟೆ ಹಿಡಿದು ಎಬ್ಬಿಸಿದಳಂತೆ. ಇದನ್ನೆಲ್ಲ ಹೇಳುವಾಗ ಆ ಮುದುಕಿ ನಡುನಡುವೆ ಅವನ ವಂಶವನ್ನೇ ಬೈದಳು. ನಾನು ತಡೆಯಲಿಲ್ಲ.

ಆ ಹಕ್ಕುಬಿಡುಗಡೆ ಪತ್ರ ಮುಂದೆ ರದ್ದಾಯಿತು, ಹೊಲದಲ್ಲಿ ಪಾಲೂ ಬಂತು. ಅದಕ್ಕೆ ಇನ್ನೂ ಕೆಲವು ವರ್ಷ ಹಿಡಿಯಿತು, ಆ ವನವಾಸ ಬೇರೆ. ಪಾಟೀಸವಾಲಿನ ದಿನದ್ದೊಂದು ಮಾತು ಹೇಳಿ ಮುಗಿಸುತ್ತೇನೆ.

ದಸರೆಯ ಹೊತ್ತಿಗೆ ಅದು ನಡೆಯಿತು. ಜವಾನ ಹೆಸರು ಕೂಗಿದ. ಎರಡನೆಯ ಸಲ ಕೂಗುವ ಅಗತ್ಯ ಬೀಳಲಿಲ್ಲ. ಬಾಗಿಲ ಬಳಿಯೇ ನಿಂತಿದ್ದ ಆಕೆ, "ಅದೀನ್ರಿ!" ಎಂದು ಅವನಿಗಿಂತ ಜೋರಾಗಿ ಕೂಗಿ ಒಳಗೆ ಬಂದಳು. ಉಟ್ಟಿದ್ದದ್ದು ಹೊಸ ಸೀರೆ, ಇನ್ನೂ ಮಡಿಕೆಯ ಗೆರೆ ಹೋಗಿರಲಿಲ್ಲ. ನೋಡಿ ನನಗೇ ಕಸಿವಿಸಿಯಾಯಿತು. ಅದನ್ನೇ ಉಟ್ಟುಕೊಂಡು ಬರಬೇಕಿತ್ತೇ ಎಂದು ಮನಸ್ಸಿನಲ್ಲೇ ಗೊಣಗಿದೆ. ಎದುರು ವಕೀಲರ ಕಣ್ಣಿಗೂ ಅದು ಬಿತ್ತು. ಅವರು ನಿಧಾನವಾಗಿ, ಎಲ್ಲರಿಗೂ ಕೇಳುವಂತೆ ಶುರು ಮಾಡಿದರು.

"ಈ ಸೀರಿ ಯಾರು ಉಡಿಸ್ಯಾರಮ್ಮಾ?"

"ನಮ್ಮಣ್ಣ."

"ಗಂಡ ಸತ್ತ ಮ್ಯಾಲ ನಿನ್ನ ಕೈಹಿಡದು ಹೊರಗ ತಂದವರು ಯಾರು?"

"ನಮ್ಮಣ್ಣನೇ ರಿ."

"ಹಂಥಾ ಅಣ್ಣನ ಮ್ಯಾಲ, ಅವನ ಸೀರಿ ಉಟ್ಕೊಂಡೇ ಬಂದು ಮೋಸಗಾರ ಅಂತ ಹೇಳಾಕತ್ತಿದಿ. ನಿಂಗೇನೂ ಅನಸಂಗಿಲ್ಲೇನು?"

ಆಕೆ ಸೆರಗನ್ನು ತಲೆಯ ಮೇಲೆ ಸರಿಮಾಡಿಕೊಂಡಳು. ಹಿಂದಿನ ಬೆಂಚಿನಲ್ಲಿದ್ದ ಅಣ್ಣನನ್ನು ನೇರವಾಗಿ ನೋಡಿದಳು.

"ಸೀರಿ ಅಣ್ಣಂದು ರಿ," ಎಂದಳು. "ಹೊಲ ಅಪ್ಪಂದು."

ಹೇಳಿಕೆ ಟೈಪು ಮಾಡುತ್ತಿದ್ದವನು ಹೇಗೆ ಬರೆದುಕೊಳ್ಳಲಿ ಎಂಬಂತೆ ತಲೆಯೆತ್ತಿದ. ನ್ಯಾಯಾಧೀಶರು, "ಅವರು ಹೇಳಿದ ಹಾಗೆಯೇ ಬರೆದುಕೊಳ್ಳಿ," ಎಂದರು.